ವಿಮಲಾಬಾಯಿಯವರನ್ನು ಕುಳ್ಳಿರಿಸಿದ ಬಗ್ಗೆ

ಹೇಳಿಕೆ ಕೊಡುವವರು: ಭುವನೇಶ್ವರಿ ತಂದೆ ಗುರುಲಿಂಗಪ್ಪ, ವಯಸ್ಸು 54 ವರ್ಷ, ಉದ್ಯೋಗ: ಟಿ.ವಿ. ಧಾರಾವಾಹಿ ನಿರ್ದೇಶನ ಮತ್ತು ನಿರ್ಮಾಣ, ಸಾ: ಖೂಬಾ ಪ್ಲಾಟ್, ಕಲಬುರಗಿ.

ಇಂದು ಮಧ್ಯಾಹ್ನ ಕಮಲಾಪುರ ಠಾಣೆಗೆ ಬಂದು, ಕೇಳಿದ್ದಕ್ಕೂ ಕೇಳದಿದ್ದಕ್ಕೂ ನಾನು ತಿಳಿಸುವುದು ಈ ಪ್ರಕಾರ ಇರುತ್ತದೆ.

ನಾನು ಇಪ್ಪತ್ತೆಂಟು ವರ್ಷಗಳಿಂದ ಧಾರಾವಾಹಿ ಕೆಲಸದಲ್ಲಿದ್ದೇನೆ. ಮೊದಲು ಬೆಂಗಳೂರಿನಲ್ಲಿ ಸಹಾಯಕಿಯಾಗಿ ಸೇರಿ, ಆಮೇಲೆ ನಿರ್ದೇಶಕಿಯಾದೆ. ಎಂಟು ವರ್ಷಗಳಿಂದ ಸ್ವಂತ ನಿರ್ಮಾಣವೂ ಇದೆ. ಅತ್ತೆ ಸೊಸೆಗೆ ಜಗಳ ಹಚ್ಚಿ ಹೊಟ್ಟೆ ಹೊರೆಯುವವಳು ಎಂದು ನಮ್ಮವ್ವ ಎಲ್ಲರ ಮುಂದೆ ಹೇಳುತ್ತಿದ್ದಳು, ಅದು ಸುಳ್ಳಲ್ಲ. ನನ್ನ ಧಾರಾವಾಹಿಗಳಲ್ಲಿ ನಮ್ಮ ಭಾಗದ ಮಾತನ್ನು ಅಡುಗೆಯವನಿಗೂ ರೌಡಿಗೂ ಮಾತ್ರ ಕೊಡುತ್ತಿದ್ದೆವು. ಇದುವರೆಗೆ ನಾನು ಹನ್ನೊಂದು ಜನರನ್ನು ಸಾಯಿಸಿದ್ದೇನೆ. ಈ ಮಾತನ್ನು ಹಾಗೆ ಬರೆಯಬೇಡಿರೆಂದು ಕೇಳಿಕೊಂಡೆ, ಹೇಳಿದ್ದನ್ನು ಬರೆಯುವುದು ನಿಯಮವೆಂದು ಬರೆಯುವ ಸಾಹೇಬರು ತಿಳಿಸಿದರು. ಆದ್ದರಿಂದ ಕಥೆಯಲ್ಲಿ ಎಂದು ಸೇರಿಸಿ ಓದಿಕೊಳ್ಳಬೇಕು.

ಆ ಹನ್ನೊಂದು ಜನರನ್ನೂ ಚಾಪೆಯ ಮೇಲೆ ಮಲಗಿಸಿ, ತಲೆಯ ಹತ್ತಿರ ದೀಪವಿಟ್ಟು ತೋರಿಸಿದ್ದೇನೆ. ನಮ್ಮಲ್ಲಿ ಹಾಗೆ ಮಾಡುವುದಿಲ್ಲ. ನಮ್ಮ ತಂದೆ ತೀರಿಕೊಂಡಾಗ ಖೂಬಾ ಪ್ಲಾಟಿನ ಮನೆಯಲ್ಲಿ ಅವರನ್ನು ಗೋಡೆಗೆ ಒರಗಿಸಿ, ಹಣೆ ತುಂಬ ವಿಭೂತಿ ಹಚ್ಚಿ, ಅಂಗೈಯಲ್ಲಿ ಲಿಂಗವಿಟ್ಟು ಕುಳ್ಳಿರಿಸಿದ್ದೆವು. ಬಂದವರೆಲ್ಲ ಎದುರಿಗೆ ಕುಳಿತು ಮಾತಾಡಿಸಿ ಹೋದರು. ಅಂಥದ್ದನ್ನು ತೋರಿಸಬೇಕೆಂದು ಕೇಳಿದಾಗಲೆಲ್ಲ ವಾಹಿನಿಯವರು ನೋಡುವವರಿಗೆ ತಿಳಿಯುವುದಿಲ್ಲ ಎನ್ನುತ್ತಿದ್ದರು. ನಾನೂ ಹೂಂ ಎನ್ನುತ್ತಿದ್ದೆ.

ಈಗಿನ ಧಾರಾವಾಹಿ ಪೂರ್ತಿ ಕಲಬುರಗಿಯದು. ಅತ್ತೆ, ಸೊಸೆ, ವಕೀಲ, ಡಾಕ್ಟರ್ ಎಲ್ಲರೂ ನಮ್ಮ ಮಾತನ್ನೇ ಆಡುತ್ತಾರೆ. ಇದರಲ್ಲಿ ಅಜ್ಜಿಯ ಪಾತ್ರ ಮಾಡುವವರು ವಿಮಲಾಬಾಯಿ, ವಯಸ್ಸು 71 ವರ್ಷ. ಹಿಂದೆ ನಾಟಕ ಕಂಪನಿಗಳಲ್ಲಿದ್ದವರು, ಮೂಲ ಕಮಲಾಪುರದವರು, ಈಗ ಶರಣಬಸವೇಶ್ವರ ಗುಡಿಯ ಹಿಂದಿನ ಓಣಿಯಲ್ಲಿ ಒಂದು ಕೋಣೆ ಹಿಡಿದು ಒಬ್ಬರೇ ಇರುತ್ತಾರೆ. ನೋಡುವವರು ಕಡಿಮೆಯಾಗಿದ್ದಾರೆ, ಅಜ್ಜಿಯನ್ನು ಸಾಯಿಸಿರಿ, ಆ ವಾರವೂ ಜನ ನೋಡದಿದ್ದರೆ ತಿಂಗಳ ಕೊನೆಗೆ ಧಾರಾವಾಹಿ ನಿಲ್ಲಿಸುತ್ತೇವೆ ಎಂದು ವಾಹಿನಿಯ ಪರವಾಗಿ ಅರುಣಕುಮಾರ ಎಂಬವರು ತಿಳಿಸಿದರು. ಇದನ್ನು ವಿಮಲಾಬಾಯಿಯವರಿಗೆ ಹೇಳಲು ನನಗೆ ಬಾಯಿ ಬರಲಿಲ್ಲ. ಅವರೇ ತಿಳಿದುಕೊಂಡು, "ಸಾಯೋದೇ ಇದ್ರ ನಮ್ಮೂರಾಗ ಸಾಯ್ತೀನ್ರೀ ಮೇಡಂ, ಗಾಡಿ ಖರ್ಚರ ಉಳೀತದ" ಎಂದು ನಕ್ಕರು. ಅವರ ಒಡಹುಟ್ಟಿದ ತಮ್ಮ ಶಿವಲಿಂಗ ಇದೇ ಕಮಲಾಪುರದಲ್ಲಿ ಬಾಳೆಹಣ್ಣಿನ ವ್ಯಾಪಾರ ಮಾಡುತ್ತಾರೆಂದಾಗಲಿ, ಅಕ್ಕ ತಮ್ಮನಿಗೆ ಹದಿನೆಂಟು ವರ್ಷಗಳಿಂದ ಮಾತಿಲ್ಲವೆಂದಾಗಲಿ ಅವರು ಹೇಳಲಿಲ್ಲ.

ಇಂದು ಬೆಳಿಗ್ಗೆ ನಾವು ಕಲಬುರಗಿಯಿಂದ ಸುಮಾರು 38 ಕಿ.ಮೀ. ಬಂದು, ಇಲ್ಲಿನ ಗುಂಡಮ್ಮ ಎಂಬವರ ಮನೆಯ ಪಡಸಾಲೆಯಲ್ಲಿ 10 ಗಂಟೆಗೆ ವಿಮಲಾಬಾಯಿಯವರನ್ನು ಈ ಸಲ ನಮ್ಮ ಪದ್ಧತಿಯಂತೆಯೇ ಕುಳ್ಳಿರಿಸಿದೆವು. ಬರೆಯುವ ಸಾಹೇಬರು ಇಲ್ಲಿ 'ಶವವನ್ನು' ಎಂದು ಬರೆದಿದ್ದರು. ಹೊಡೆದು ಹಾಕಿಸಿ ಹೆಸರು ಬರೆಸಿದ್ದೇನೆ. ನಮ್ಮ ಗಾಡಿಗಳು ಚಿತ್ರದಲ್ಲಿ ಬರಬಾರದೆಂದು ದೂರ ನಿಲ್ಲಿಸಿದ್ದೆವು. ಅಳುವುದಕ್ಕೆ ಇಪ್ಪತ್ತು ಜನರನ್ನೂ ಹಾಡುವುದಕ್ಕೆ ಭಜನಾ ಮೇಳದವರನ್ನೂ ಈ ಊರಿನಿಂದಲೇ ಕರೆದಿದ್ದೆವು. ಭಜನೆ ಶುರುವಾದ ಕೂಡಲೇ ಓಣಿಯಲ್ಲಿ ಹೊರಟಿದ್ದ ಯಾರೋ, ಕಟ್ಟೆಯ ಮೇಲಿದ್ದ ಗುಂಡಮ್ಮನವರನ್ನು ಒಳಗೆ ಏನು ನಡೆದಿದೆ ಎಂದು ಕೇಳಿದರಂತೆ. ಗುಂಡಮ್ಮನವರು, "ನಮ್ಮ ವಿಮಲಕ್ಕನ್ನ ಕುಂದರ್ಸ್ಯಾರ್ರೀ" ಎಂದರಂತೆ. ಅವರು ಹೇಳಿದ್ದರಲ್ಲಿ ಒಂದಕ್ಷರ ಸುಳ್ಳಿಲ್ಲ. ಆದರೆ ಭಜನೆ ನಡೆದಿರುವ ಮನೆಯಲ್ಲಿ ಒಬ್ಬರನ್ನು ಕುಳ್ಳಿರಿಸಿದ್ದಾರೆ ಎಂದರೆ ಈ ಊರಿನಲ್ಲಿ ಅದಕ್ಕೆ ಒಂದೇ ಅರ್ಥ. ಬಾಯಿಂದ ಬಾಯಿಗೆ ಹೋಗಿ ಆ ಮಾತು ಬಾಳೆಹಣ್ಣಿನ ಮಂಡಿಯನ್ನು ಮುಟ್ಟಿತು.

ಸುಮಾರು 10.40ಕ್ಕೆ, ಕ್ಯಾಮೆರಾ ಓಡುತ್ತಿದ್ದಾಗ, ಒಬ್ಬರು ಬರಿಗಾಲಿನಲ್ಲಿ ಓಡಿ ಬಂದು ವಿಮಲಾಬಾಯಿಯವರ ಕಾಲಿನ ಮೇಲೆ ಬಿದ್ದರು. ಈಗ ಮಣ್ಣು ಕೊಡುವುದಕ್ಕೂ ವಿಡಿಯೋದವರನ್ನು ಕರೆಸುವುದು ರೂಢಿಯಾಗಿರುವುದರಿಂದ ಕ್ಯಾಮೆರಾ, ಲೈಟು ನೋಡಿಯೂ ಅವರಿಗೆ ಸಂಶಯ ಬಂದಂತಿಲ್ಲ. ನಾವು ಕರೆದ ಇಪ್ಪತ್ತು ಜನರಲ್ಲಿ ಒಬ್ಬರಿರಬೇಕೆಂದು ನಾನು ಮೊದಲು ತಿಳಿದೆ. ಅಷ್ಟರಲ್ಲಿ ಅವರು, "ಅಕ್ಕಾ, ಮದವಿಗಿ ಬರಬ್ಯಾಡ ಅಂದಿದ್ದೆ, ಮನೀಗಿ ಬರಬ್ಯಾಡ ಅಂದಿದ್ನೇನು? ಒಂದ್ ಮಾತಿಗಿ ಹಿಂಗ ಮಾಡ್ತಾರೇನು?" ಎಂದು ಅತ್ತರು. ತಮ್ಮನ ಮಗಳ ಮದುವೆಗೆ ಗಂಡಿನ ಕಡೆಯವರು ನಾಟಕದವಳು ಬರಬಾರದು ಎಂದಿದ್ದರೆಂದೂ, ಆ ಮಾತನ್ನು ತಮ್ಮನೇ ಬಂದು ಹೇಳಿದ್ದನೆಂದೂ ವಿಮಲಾಬಾಯಿಯವರು ನಂತರ ತಿಳಿಸಿದರು.

ಇದು ನಾನು ಬರೆಸಿದ ಮಾತಲ್ಲವೆಂದು ನನಗೆ ಆ ಕ್ಷಣವೇ ಗೊತ್ತಾಯಿತು. ಕಟ್ ಎಂದಿದ್ದರೆ ಮುಗಿಯುತ್ತಿತ್ತು. ಕ್ಯಾಮೆರಾ ಹಿಡಿದಿದ್ದ ಮಕ್ಸೂದ್ ನನ್ನ ಕಡೆ ತಿರುಗಿ ನೋಡಿದರು. ನಡೆಯಲಿ ಎಂದು ನಾನು ಕೈಸನ್ನೆ ಮಾಡಿದೆ. ಇಷ್ಟು ವರ್ಷ ಗ್ಲಿಸರಿನ್ ಹಚ್ಚಿ ಜನರನ್ನು ಅಳಿಸಿದವಳು ನಾನು. ನಿಜವಾದ ಅಳು ಎದುರಿಗೆ ಬಂದು ಕುಳಿತಾಗ ಎಬ್ಬಿಸಿ ಕಳಿಸಲು ಮನಸ್ಸಾಗಲಿಲ್ಲ. ಆಗ ನನಗೆ ಸಂತೋಷವಾಗಿತ್ತು. ಈ ಮಾತನ್ನು ಮಾತ್ರ ಹೇಳಿದ ಹಾಗೆಯೇ ಬರೆದುಕೊಳ್ಳಬೇಕು.

ವಿಮಲಾಬಾಯಿಯವರು ಅಲುಗಲಿಲ್ಲ. ಪರದೆ ಬೀಳುವ ತನಕ ಸತ್ತವರು ಏಳಬಾರದೆಂಬುದು ನಾಟಕ ಕಂಪನಿಯವರ ಕಟ್ಟುನಿಟ್ಟು. ಸುಮಾರು ನಾಲ್ಕು ನಿಮಿಷ ಹಾಗೆಯೇ ಇದ್ದು, ನಂತರ ಅವರ ಬಲಗೈ ಎದ್ದು ತಮ್ಮನ ತಲೆಯ ಮೇಲೆ ಕುಳಿತಿತು. ಶಿವಲಿಂಗ ಅವರು ಚೀರಿ ಹಿಂದಕ್ಕೆ ಬಿದ್ದರು. ಆಮೇಲೆ ಸುತ್ತ ನೋಡಿದರು. ಎಲ್ಲ ಅರ್ಥವಾದ ಮೇಲೆ ಎದ್ದು ಕ್ಯಾಮೆರಾದ ಸ್ಟ್ಯಾಂಡಿಗೆ ಒದ್ದರು; ಕ್ಯಾಮೆರಾ ನೆಲಕ್ಕೆ ಬಿದ್ದು ಒಡೆಯಿತು. ಅಕ್ಕನಿಗೆ, "ನನ್ನ ಅಳು ನೋಡಾಕ ಜನ ಕೂಡ್ಸಿದ್ಯೇನು?" ಎಂದು ಹೊರಟು ಹೋದರು. ಠಾಣೆಗೆ ಫೋನು ಮಾಡಿದವರು ನಮ್ಮ ಸಂಗಡ ಬಂದಿದ್ದ ಅರುಣಕುಮಾರ.

ಅರುಣಕುಮಾರ ಅವರು ಅದನ್ನೆಲ್ಲ ಮಾನಿಟರಿನಲ್ಲಿ ನೋಡಿದ್ದರು. ಕ್ಯಾಮೆರಾ ಹೋದರೂ ಚಿತ್ರವಿದ್ದ ಮೆಮೊರಿ ಕಾರ್ಡು ಉಳಿದಿದೆ ಎಂದು ತಿಳಿದಾಗ, "ಇದೊಂದ್ ಸೀನ್ ಸಾಕು ಮೇಡಂ, ಇನ್ನೊಂದು ವರ್ಷ ಆರಾಮಾಗಿ ಓಡತ್ತೆ" ಎಂದರು. ಪ್ರಸಾರ ಮಾಡಲು ಶಿವಲಿಂಗ ಅವರ ಒಪ್ಪಿಗೆಯ ಸಹಿ ಬೇಕು. ಕ್ಯಾಮೆರಾ ನನ್ನದಾದ್ದರಿಂದ ನಾನು ಅವರ ಮೇಲೆ ದೂರು ಕೊಡಬೇಕು, ಕೇಸಿಗೆ ಹೆದರಿ ಸಹಿ ಮಾಡುತ್ತಾರೆ, ಆಮೇಲೆ ದೂರು ವಾಪಸು ಪಡೆದರಾಯಿತು ಎಂದು ದಾರಿ ತೋರಿಸಿದರು. ನನಗೆ ಆ ದಾರಿ ಕೆಟ್ಟದ್ದೆನಿಸಲಿಲ್ಲ. ದೂರು ಬರೆಯಲು ಮಕ್ಸೂದ್ ಹತ್ತಿರ ಪೆನ್ನು ಇಸಕೊಂಡೆ.

ಆಗ ವಿಮಲಾಬಾಯಿಯವರು ಹಣೆಯ ವಿಭೂತಿ ಒರೆಸದೆಯೇ ಬಂದು ನನ್ನ ಪಕ್ಕಕ್ಕೆ ನಿಂತರು. "ಮೇಡಂ, ನಾ ಕಣ್ಣ ಮುಚ್ಚಿದ್ದೆ. ಅವ ಅಳೋದ ಕೇಳ್ಸ್ಯಾದ, ಮಾರಿ ಕಂಡಿಲ್ಲ. ಕಣ್ಣ ತೆರಿಯೋದ್ರಾಗ ಸಿಟ್ಟಿಗೆದ್ದಿದ್ದ. ಒಮ್ಮಿ ತೋರಸ್ರಿ, ಆಮ್ಯಾಲ ಬೇಕಾದ್ದ ಮಾಡ್ಕೋರಿ" ಎಂದರು. ಊರಿಗೆಲ್ಲ ತೋರಿಸಲು ಹೊರಟಿದ್ದ ಮುಖವನ್ನು, ಯಾರಿಗೆ ಸಲ್ಲಬೇಕೋ ಅವರೊಬ್ಬರೇ ನೋಡಿರಲಿಲ್ಲ. ನನಗೆ ನಾಚಿಕೆಯಾಯಿತು. ಕಾರ್ಡು ತೆಗೆಸಿ ಅವರ ಕೈಗೆ ಕೊಟ್ಟೆ. ಅವರು ಸೆರಗಿನ ತುದಿಯಲ್ಲಿ ಗಂಟು ಹಾಕಿಕೊಂಡರು. ಇನ್ನೊಂದು ಪ್ರತಿ ಇರುವುದಿಲ್ಲ. ಮಕ್ಸೂದ್ ಅವರು ವಿಮಲಾಬಾಯಿಯವರ ಕೋಣೆಗೆ ಹೋಗಿ ತಮ್ಮ ಲ್ಯಾಪ್‌ಟಾಪಿನಲ್ಲಿ ಹಾಕಿ ತೋರಿಸುವುದಾಗಿ ಹೇಳಿದ್ದಾರೆ.

ಶಿವಲಿಂಗ ಅವರು ಸ್ಟ್ಯಾಂಡಿಗೆ ಒದ್ದದ್ದು ನಿಜ. ಅವರ ಜಾಗದಲ್ಲಿ ನಾನಿದ್ದರೆ ನಿರ್ದೇಶಕಿಗೇ ಒದೆಯುತ್ತಿದ್ದೆ. ಅವರ ಮೇಲೆ ನನ್ನದು ಯಾವ ದೂರೂ ಇಲ್ಲ. ಇದರಿಂದ ಧಾರಾವಾಹಿ ನಿಲ್ಲಬಹುದು. ಅದಕ್ಕೆ ನನಗೆ ದುಃಖವಿಲ್ಲ ಎಂದರೆ ಸುಳ್ಳು ಹೇಳಿಕೆಯಾಗುತ್ತದೆ.

ವಿಚಾರಣೆಗೆ ಕರೆಸಿದ ಅಕ್ಕ ತಮ್ಮ ಇಬ್ಬರೂ ಠಾಣೆಯ ಹೊರಗೆ ಒಂದೇ ಬೆಂಚಿನ ಎರಡು ತುದಿಗೆ ಕುಳಿತಿದ್ದಾರೆ. ನನ್ನ ಹೇಳಿಕೆ ಮುಗಿಯುವ ತನಕ ಯಾರೂ ಏಳಬಾರದೆಂದು ದೊಡ್ಡ ಸಾಹೇಬರ ಅಪ್ಪಣೆಯಾಗಿದೆ. ಕ್ಯಾಮೆರಾದ ವಿಷಯವನ್ನು ಎರಡು ಸಾಲಿನಲ್ಲಿ ಹೇಳಿ ಮುಗಿಸಬಹುದಿತ್ತು. ಉಳಿದ ಪುರಾಣವನ್ನೆಲ್ಲ ಬರೆಸಿದ್ದು ಈ ಕಾರಣಕ್ಕೆ. ಬರೆಯುವ ಸಾಹೇಬರು "ಮುಗೀತೇನ್ರಿ?" ಎಂದು ಹಲವು ಸಲ ಕೇಳಿದರು. ಅವರ ಕೈ ನೋಯಿಸಿದ್ದಕ್ಕೆ ಕ್ಷಮೆ ಇರಲಿ.

ಈಗಷ್ಟೇ ಶಿವಲಿಂಗ ಅವರು ರಸ್ತೆಯ ಕಡೆ ಮುಖ ಮಾಡಿಕೊಂಡೇ, "ಹಲ್ಲ ಯಾವಾಗ ಕಟ್ಟಿಸ್ಕೊಂಡಿ?" ಎಂದು ಕೇಳಿದ್ದು ಕಿಟಕಿಯಿಂದ ಕೇಳಿಸಿತು. ವಿಮಲಾಬಾಯಿಯವರು, "ನೀ ಮಾತ ಬಿಟ್ಟ ಮರುವರ್ಷ" ಎಂದರು.

ನನ್ನ ಹೇಳಿಕೆ ಮುಗಿದಿದೆ. ಓದಿಸಿ ಕೇಳಿದೆ, ಎಲ್ಲ ನಿಜವಿದೆ, ಬೇಕಾದ್ದಕ್ಕಿಂತ ಹೆಚ್ಚಿಗೆ ಇರುವುದೂ ನಾನು ಹೇಳಿದ್ದೇ ಇರುತ್ತದೆ.

ಸ್ಥಳ: ಕಮಲಾಪುರ
ದಿನಾಂಕ: 14-11-2025
ಸಹಿ: ಭುವನೇಶ್ವರಿ