ಬೆನ್ನಿಗೆ ಹತ್ತಿದ ಮಣ್ಣು

ವಿಜಯಪುರದ ಕಡೆಯ ಒಬ್ಬ ಪೈಲ್ವಾನ, ನೋಡಿ, ಗೋಡೆ ಕಟ್ಟುವ ಗೌಂಡಿ ಕೆಲಸ ಹುಡುಕಿಕೊಂಡು ಗೋವೆಗೆ ಹೋದವನು ಅಲ್ಲಿಯೇ ನೆಲೆಸಿದ. ಹೋಗುವಾಗ ಏನು ಒಯ್ದ? ತಮ್ಮೂರ ಗರಡಿಮನೆಯ ಕೆಂಪು ಮಣ್ಣನ್ನು ಒಂದು ಹಿಡಿ ಬಟ್ಟೆಯಲ್ಲಿ ಕಟ್ಟಿಕೊಂಡು ಒಯ್ದ. ಅದನ್ನು ದೇವರ ಜಗಲಿಯ ಮೇಲಿಟ್ಟು ದಿನಾ ಕೈಮುಗಿಯುತ್ತಿದ್ದ. ತಪ್ಪೇನಿಲ್ಲ. ಅದೂ ಭಕ್ತಿಯೇ.

ಅವನಿಗೊಬ್ಬಳೇ ಮಗಳು. ಗೋವೆಯಲ್ಲೇ ಹುಟ್ಟಿದವಳು, ಫುಟ್‌ಬಾಲ್ ಹುಚ್ಚಿನವಳು. ತಂಡದಲ್ಲಿ ಗೋಲು ಕಾಯುವ ಕೆಲಸ ಅವಳದು. ಅಪ್ಪನಿಗೆ ಸೇರಲಿಲ್ಲ. “ಗರಡಿ ಮನಿತನದ ಹೆಣ್ಮಗಳು ಚಡ್ಡಿ ಹಾಕ್ಕೊಂಡು ಮಣ್ಣಾಗ ಉಳ್ಳಾಡೂದಾ?” ಎಂದ. ಹೆಂಡತಿ ರೊಟ್ಟಿ ಬಡಿಯುತ್ತಲೇ, “ನೀವು ಲಂಗೋಟಿ ಮ್ಯಾಲ ಉಳ್ಳಾಡಿದ್ದು ಮರತ್ರೇನು?” ಎಂದಳು. ಅವನು ನಗಲಿಲ್ಲ. ಆಟ ಬಿಡಲೇಬೇಕೆಂದು ಹಟ ಹಿಡಿದ. ಕೊನೆಗೆ ಮಗಳು ಕೇಳಿಕೊಂಡದ್ದು ಇಷ್ಟೇ: “ಒಮ್ಮಿ ಬಂದು ನೋಡು ಯಪ್ಪಾ. ನೋಡಿದ ಮ್ಯಾಲೂ ಬ್ಯಾಡ ಅಂದ್ರ, ಬೂಟು ನಿನ್ನ ಕೈಯಾಗ ಕೊಟ್ಟಬಿಡ್ತೀನಿ.”

ಹೋದ. ಮಗಳ ತಂಡ ಒಂದು ಗೋಲು ಮುಂದಿತ್ತು. ಆಟ ಮುಗಿಯುವ ಹೊತ್ತಿಗೆ ಎದುರು ತಂಡದವಳು ಚೆಂಡನ್ನು ಗೋಲಿನತ್ತ ಬಲವಾಗಿ ಒದ್ದಳು. ಮಗಳು ಹಾರಿದಳು, ಚೆಂಡನ್ನು ಎದೆಗವಚಿಕೊಂಡು ಧೊಪ್ಪನೆ ಅಂಗಾತ ಬಿದ್ದಳು. ಎರಡೂ ಭುಜ ನೆಲಕ್ಕೆ. ಕುಸ್ತಿಯಲ್ಲಿ ಬೆನ್ನು ಮಣ್ಣಿಗೆ ತಾಗಿದರೆ ಏನು? ಸೋಲು. ಈ ಪುಣ್ಯಾತ್ಮ ಬೇರೆ ಏನು ಬಲ್ಲ? ಜನ ಚಪ್ಪಾಳೆ ತಟ್ಟಿದರೆ, ಬಿದ್ದವಳನ್ನು ಹಂಗಿಸುತ್ತಿದ್ದಾರೆ ಎಂದುಕೊಂಡ. ಕಣ್ಣು ತುಂಬಿ ಬಂತು. ತಲೆ ತಗ್ಗಿಸಿ ಹೊರಟೇಬಿಟ್ಟ. ಎಂಥ ಕಷ್ಟ ನೋಡಿ! ಮಗಳು ಗೆದ್ದಿದ್ದಾಳೆ, ಅಪ್ಪ ಅಳುತ್ತಿದ್ದಾನೆ.

ಆಟ ಮುಗಿದದ್ದೇ ಅವಳು ಓಡಿ ಬಂದಳು. “ಯಪ್ಪಾ, ಎಲ್ಲಿ ಹೊಂಟಿ? ಗೆದ್ದೀವಿ.”

“ನಿನ್ನ ಬೆನ್ನಿಗೆ ಮಣ್ಣು ಹತ್ತೇತಲ್ಲವ್ವಾ.”

“ಹತ್ತಲಿ. ಚೆಂಡು ಗೆರಿ ದಾಟಲಿಲ್ಲಲ್ಲ. ಈ ಆಟದಾಗ ಅದ ಗೆಲುವು.”

ಅವನು ಅವಳ ಬೆನ್ನಿನ ಮಣ್ಣನ್ನು ಮೆಲ್ಲಗೆ ಒರೆಸಿದ. ಗರಡಿಗೆ ಇಳಿಯುವಾಗ ಮಾಡುತ್ತಿದ್ದಂತೆ ಆ ಕೈಯನ್ನು ತನ್ನ ಹಣೆಗೆ ಮುಟ್ಟಿಸಿಕೊಂಡ. “ಆದ್ರ ನಿನಗ ಬೀಳಾಕ ಬರೂದಿಲ್ಲ. ಹಿಂಗ ಬಿದ್ರ ಭುಜ ಮುರಕೋತಿ. ಬಾ, ನಾ ಕಲಿಸ್ತೀನಿ” ಎಂದ.

ನಾವೂ ಹೀಗೆಯೇ ಅಲ್ಲವೇ? ಇಲ್ಲಿ ಕೂತ ಬಹಳ ಮಂದಿ ಬೇರೆ ಊರಿಂದ ಬಂದವರು. ಬರುವಾಗ ಊರ ಮಣ್ಣಿನ ಜೊತೆಗೆ ಅಲ್ಲಿಯ ಸೋಲು-ಗೆಲುವನ್ನೂ ಗಂಟು ಕಟ್ಟಿಕೊಂಡು ಬಂದೆವು. ಮಣ್ಣು ಜಗಲಿಯ ಮೇಲೆ ಇರಲಿ, ಕೈಮುಗಿಯಿರಿ. ಅದರ ಮೇಲೆ ಮಕ್ಕಳನ್ನು ಕೆಡವಬೇಡಿ. ಇವತ್ತು ಊಟಕ್ಕೆ ಕೂತಾಗ ಮಗನೋ ಮಗಳೋ ಏನಾದರೂ ಹೇಳಲು ಬಂದರೆ, ನೀನು ಸೋತೆ ಎನ್ನುವ ಮೊದಲು ಒಂದು ಮಾತು ಕೇಳಿ: ನಿನ್ನ ಆಟದಲ್ಲಿ ಗೆಲುವು ಅಂದರೆ ಏನು? ಅವರು ಹೇಳಲಿ, ನೀವು ಕೇಳಿ. ಆಮೇಲೆ ನಿಮಗೆ ಗೊತ್ತಿರುವುದನ್ನು ಕಲಿಸಿ. ಏನೂ ಇಲ್ಲದಿದ್ದರೆ, ಪೆಟ್ಟಾಗದ ಹಾಗೆ ಬೀಳುವುದನ್ನಾದರೂ ಕಲಿಸಿ.