ನಾ ಅಕಿಗೆ ಚಿಗವ್ವ, ಅಷ್ಟ

...ಸೃಷ್ಟಿ ಇಲ್ಲೆಲ್ಲಿದ್ದಾಳ್ರಿ ಮಾಮಾ! ಫೋನಿನಾಗ ಹೇಳಿದ್ನಲ್ಲ, ಲೋಂಡಾದಾಗ ಅತ್ತಿ ಮನ್ಯಾಗ ಬಿಟ್ಟು ಬಂದೇನಿ ಅಂತ. ಖರೇ! ನಿಮ್ಮ ಮಗಳನ್ನ ಮುಚ್ಚಿಟ್ಟು ನನಗೇನಾಗಬೇಕೈತಿ? ಕುಂದರ್ರಿ ಮೊದಲ. ಚಾ ಮಾಡ್ಲ್ಯಾ? ಬ್ಯಾಡಾ? ಆತು.

ನಗ್ತೀರ್ಯಾಕ? ಹೌದು, ನಿಮ್ಮ ಜೋಡಿ ಲಗ್ನಾ ಒಲ್ಲೆ ಅಂದೇನಿ. ಮತ್ತೂ ಅಂತೇನಿ. ಮೇಘಕ್ಕ ಕಾಮಾಲಿ ಆಗಿ ಹೋದ್ಲು... ಅಕಿನ್ನ ಮಣ್ಣು ಮಾಡಿ ಬಂದು ಕೈಕಾಲು ತೊಳಕೊಳ್ಳೂದ್ರಾಗ ಹಲಸಿ ಊರಿನ ಹಿರ್ಯಾರೆಲ್ಲಾ ನನ್ನ ಮಾರಿ ನೋಡಾಕತ್ರು. 'ಕೂಸಿಗೆ ಹೊರಗಿನಾಕಿ ಯಾಕ, ಸಮೃದ್ಧಿ ಅದಾಳಲ್ಲ!' ಅದಾಳಲ್ಲ... ಹಿತ್ತಲದಾಗ ಒಂದು ಖಾಲಿ ಕೊಡ ಅದ ಅಂದಂಗ! ನನ್ನ ಯಾರರೆ ಕೇಳಿದ್ರ? ನೀವರೆ ಕೇಳಿದ್ರ?

ತೆಳಗ ನೋಡಬ್ಯಾಡ್ರಿ. ನೀವು ಕೆಟ್ಟವ್ರು ಅಂತ ನಾ ಅಂದಿಲ್ಲ. ದವಾಖಾನ್ಯಾಗ ಅಕ್ಕನ ಕಾಲು ಒತ್ಕೋತ ಕುಂತಿದ್ರಿ, ನಾ ಕಂಡೇನಿ. ಅದಕ್ಕನ... ನಿಮ್ಮನ್ನ ನೋಡಿದ್ರ ಅಕ್ಕನ ಗಂಡ ಕಾಣಸ್ತಾನ ನನಗ. ಅಕಿ ಸೀರಿ ಉಡು, ಅಕಿ ಹಾಸಿಗ್ಯಾಗ ಮಲಗು ಅಂದ್ರ... ಹೆಂಗ್ರಿ ಮಾಮಾ?

ಇಲ್ಲೆ ಬೆಳಗಾವ್ಯಾಗ ಕಣ್ಣಿನ ದವಾಖಾನ್ಯಾಗ ನನ್ನ ಕೆಲಸಾ ಕಾಯಂ ಆಗೇತಿ. ಅವ್ವಗ ಹೇಳಿದ್ರ, 'ಕೂಸಿನ ಮಾರಿ ನೋಡು' ಅಂತಾಳ. ಎಲ್ಲಾರೂ ಕೂಸಿನ್ನ ಮುಂದ ಮಾಡಿ ನನ್ನ ಹಿಡ್ಯಾಕ ನೋಡ್ತಾರ! ನಾ ಅಕಿಗೆ ಚಿಗವ್ವ, ಅಷ್ಟ. ನಾ ಇಲ್ಲದಿದ್ರೂ ಬೆಳೀತಾಳ. ಅಕಿಯೇನು ನನ್ನ ಹಚ್ಚಿಕೊಂಡು... ಏ, ಅಂಥಾದ್ದೇನಿಲ್ಲ.

ಏನದು? ...ಬಾಜೂಮನಿ ಹುಡುಗಿ ಇರ್ಬೇಕು. ಕುಂದಾ ವೈನಿ ಮಗಳು, ಒದರತಿರ್ತಾಳ. ಕುಂದರ್ರಿ ನೀವು! ಒಳಗ ಹೋಗಬ್ಯಾಡ್ರಿ... ಮಾಮಾ, ಆ ಪಡದೇಕ್ಕ ಕೈ ಹಚ್ಚಬ್ಯಾಡ್ರಿ!

...

ಪಡದೆ ಸರಿಸೇ ಬಿಟ್ರಿ. ಬೈರಿ ಬೇಕಾದ್ರ!

ಹೌದು. ಸೃಷ್ಟಿನ ಅಕಿ. ಲೋಂಡಾತನಕ ಕರಕೊಂಡು ಹೋಗಿದ್ದೆ, ಖರೇನ. ಅತ್ತಿ ಕೈಯಾಗ ಕೊಟ್ಟು ಹೊಳ್ಳಿದ್ದೂ ಖರೇ. ಆಗಲಿಲ್ಲ ಮಾಮಾ. ಎತ್ಕೊಂಡು ಬಂದೆ.

ಮತ್ತ ನೀವು ಈಗ ಕೇಳಿದ ಕೂಗು... ನಿದ್ದಿಗಣ್ಣಾಗ ನನ್ನ 'ಅವ್ವಾ' ಅಂತಾಳ. ಎಷ್ಟ್ ತಿದ್ದಿದ್ರೂ ಅಷ್ಟ. ಇದು ನಿಮ್ಮ ಕಿವಿಗೆ ಬೀಳಬಾರದು ಅಂತನ ಸುಳ್ಳು ಹೇಳಿದೆ. ಇದೊಂದು ಗೊತ್ತಾದ್ರ ಹಿರ್ಯಾರು ನಾಳೇನ ನಮ್ಮಿಬ್ಬರ ತಲಿಮ್ಯಾಲ ಲಗ್ನದ ಅಕ್ಕಿಕಾಳು ಹಾಕಸ್ತಾರ!

ಬಂದೆ ಬಂಗಾರಾ, ಬಂದೆ...

ಅಕಿಗೆ ಅವ್ವ ಆಗೇನಿ, ಅದು ಆಗಿಹೋಗೇತಿ. ನಿಮಗ ಹೇಣ್ತಿ ಆಗಾಂಗಿಲ್ಲ. ಹಲಸ್ಯಾಗ ಹಿರ್ಯಾರಿಗೆ ಇದನ್ನ ನೀವ ಹೇಳಬೇಕು, ನಿಮ್ಮ ಬಾಯಿಲೆ.

ಅಳಬ್ಯಾಡ್ರಿ ಮಾಮಾ... ಕೂಸು ಅಂಜತೈತಿ. ಸರೀರಿ ಇತ್ತಾಗ, ನಾ ಅಕಿನ್ನ ಎತ್ಕೋತೇನಿ.