ಸುಪ್ರೀತಾ ಡಾಕ್ಟರ ಎದುರು ಹೇಳಿದ ಶಬ್ದ

ಹಲೋ... ಹಲೋ, ಯಾರು ಮಾತಾಡುದು? ಪ್ರವೀತನ ನಂಬರ್ ಅಲ್ವಾ ಇದು? ಮಗಾ, ನೀನಾ?...

ಓ, ಪ್ರಫುಲ್ಲಕ್ಕ! ಅಳಿಯನ ಫೋನಿನಲ್ಲಿ ಅಳಿಯನ ಅಮ್ಮನ ಸ್ವರ ಬಂದ್ರೆ ನನಗೆ ಹೇಗೆ ಗೊತ್ತಾಗ್ಬೇಕು? ಹಾಂ, ಸುಪ್ರೀತಾ ಬಂದು ಮುಟ್ಟಿದಳು. ಮಂಗಳೂರಿನ ಡಾಕ್ಟ್ರಲ್ಲಿಂದ ನೇರ ಕಾಸರಗೋಡಿಗೆ ಬಂದು, ಅಲ್ಲಿಂದ ನಮ್ಮ ಬೋವಿಕಾನದ ಬಸ್ಸು ಹತ್ತಿದ್ದಂತೆ. ಕೈಕಾಲು ತೊಳೆದು ಕೂತಿದ್ದಾಳೆ...

ತುಳು ಬೇಡ ಅಕ್ಕಾ, ನಿಲ್ಲಿ. ನಾನು ಹಾಸನದಲ್ಲಿ ಬೆಳೆದವಳು, ಮದುವೆಯಾಗಿ ಇಷ್ಟು ವರ್ಷ ಆದ್ರೂ ನನ್ನ ತುಳು ಹರಕುಮುರುಕೇ. ಅದರಲ್ಲೂ ನೀವು ಸಿಟ್ಟಲ್ಲಿದ್ದೀರಿ. ಕನ್ನಡದಲ್ಲೇ ಬೈಯಿರಿ. ಪೂರ್ತಿ ಅರ್ಥ ಆಗ್ತದೆ, ನಿಮ್ಮ ಶ್ರಮವೂ ವ್ಯರ್ಥ ಆಗುದಿಲ್ಲ...

ಇಲ್ಲಪ್ಪ, ತೊಂದರೆ ಎಂತ ಇಲ್ಲ. ಬಂಗುಡೆ ಮೀನು ಕೊಯ್ತಾ ಇದ್ದೆ. ಫೋನನ್ನು ಭುಜಕ್ಕೂ ಕಿವಿಗೂ ನಡುವೆ ಸಿಕ್ಕಿಸಿಕೊಂಡಿದ್ದೇನೆ. ಹೇಳಿ, ನೀವು ಹೇಳಿ...

ಹೌದು, ಬಂಗುಡೆ. ಅವಳಿಗೇ. ಶಿರಿಯದಲ್ಲಿ ನಿಮ್ಮದು ಹೊಳೆಬದಿ ಮನೆ, ಅಂಗಳಕ್ಕೇ ಮೀನು ಬರ್ತದೆ, ನನ್ನ ಮಗಳು ಮಾತ್ರ ವ್ರತ ಅಂತ ಬೇಳೆಸಾರು ಉಣ್ತಾಳೆ. ಇವತ್ತು ಬಂದವಳೇ 'ಅಮ್ಮಾ, ಮೀನು ಉಂಟಾ' ಅಂತ ಕೇಳಿದಳು. ಹೆತ್ತವಳಿಗೆ ಇಲ್ಲ ಅನ್ಲಿಕ್ಕೆ ಆಗ್ತದಾ?...

ವ್ರತ ಭಂಗ ಆದ್ರೆ ಪಾಪ ನನಗೇ ಬರಲಿ. ನೀವು ಅವರಿಬ್ಬರ ಕೈಗೂ ಕಟ್ಟಿದ ವ್ರತದ ನೂಲಲ್ಲಿ ಅವಳದ್ದನ್ನು ನಾನೇ ಬಿಚ್ಚಿದೆ. ಬಿಸಾಡ್ಲಿಲ್ಲ ಅಕ್ಕಾ, ದೇವರ ಹೆಸರಿನದ್ದು, ತುಳಸಿ ಗಿಡಕ್ಕೆ ಕಟ್ಟಿದ್ದೇನೆ. ಇನ್ನು ತುಳಸಿ ವ್ರತ ಹಿಡೀಲಿ. ಅದಕ್ಕೆ ಹೇಗೂ ಮೀನು ಬೇಡ...

ಹಾಂ, ಅದಕ್ಕೇ ಬನ್ನಿ. ಡಾಕ್ಟ್ರ ಹತ್ತಿರ ಎಂತ ಆಯ್ತು? ಅವಳು ಹೇಳಿದ್ದಾಳೆ, ಆದ್ರೂ ನಿಮ್ಮ ಬಾಯಿಂದ ಕೇಳ್ತೇನೆ. ಮಾನ ಹೋಯ್ತಾ? ಯಾರ ಮಾನ?...

ಎಂತ ಹೇಳಿದಳು ಅವಳು?...

ಹೇಳಬಾರದ್ದು ಅಂದ್ರೆ ಎಂತ?...

ಅದು ಅಂದ್ರೆ ಯಾವುದು ಅಕ್ಕಾ? ನೀವು 'ಅದು, ಅದು' ಅಂದ್ರೆ ನನಗೆ ಹೇಗೆ ತಿಳೀಬೇಕು? ಮಗಳು ತಪ್ಪು ಮಾತಾಡಿದ್ರೆ ನಾನು ಬುದ್ಧಿ ಹೇಳ್ಬೇಕಲ್ಲ. ಬುದ್ಧಿ ಹೇಳ್ಲಿಕ್ಕೆ ಶಬ್ದ ಗೊತ್ತಾಗ್ಬೇಕಲ್ಲ...

ಸ-ದಿಂದ ಶುರುವಾಗುದಾ? ಸ... ಸ... ಸಾರು? ಸಾಂಬಾರು? ಸತ್ಯನಾರಾಯಣ ಪೂಜೆ?...

ತಮಾಷೆ ಅಲ್ಲ ಅಕ್ಕಾ, ಸಿಟ್ಟು ಮಾಡ್ಬೇಡಿ. ಆಯ್ತು, ನಾನೇ ಹೇಳ್ತೇನೆ. ಸಂಭೋಗ. ಅಲ್ವಾ? ಸಂಭೋಗ...

ಹಲೋ? ಹಲೋ, ಇದ್ದೀರಾ? ನಾನು ಲೈನ್ ಕಟ್ಟಾಯ್ತು ಅಂತ ಮಾಡಿದೆ...

ಎಂತ, ಫೋನು ಲೌಡ್‌ಸ್ಪೀಕರಲ್ಲಿ ಉಂಟಾ? ತೆಗೀಲಿಕ್ಕೆ ಗೊತ್ತಿಲ್ವಾ? ಹಾಗಾದ್ರೆ ಚಾವಡಿಯಲ್ಲಿ ಯಾರೆಲ್ಲ ಇದ್ದಾರೆ? ಪ್ರವೀತ, ಕೂಸಪ್ಪಣ್ಣ ಇಬ್ಬರೇ ಅಲ್ವಾ? ಕೇಳಲಿ ಬಿಡಿ. ಒಬ್ರು ನಿಮ್ಮ ಗಂಡ, ಒಬ್ಬ ಅವಳ ಗಂಡ. ಈ ವಿಷಯ ಗೊತ್ತಿರಬೇಕಾದವರೇ...

ಕೊಳಕು ಶಬ್ದ ಅಲ್ಲ ಪ್ರಫುಲ್ಲಕ್ಕ. ಅದು ಡಾಕ್ಟ್ರುಗಳ ಶಬ್ದ. ಜ್ವರಕ್ಕೆ ಜ್ವರ ಅಂದ ಹಾಗೆ. ಗಂಡಹೆಂಡತಿಯ ದೇಹ ಒಂದಾಗುದಕ್ಕೆ ಸಂಭೋಗ ಅಂತಾರೆ, ಲೈಂಗಿಕ ಸಂಪರ್ಕ ಅಂತಲೂ ಬರೀತಾರೆ. ಇಂಗ್ಲಿಷಿನಲ್ಲಿ ಇಂಟರ್‌ಕೋರ್ಸ್ ಅಂತಾರಂತೆ. ಕಾಸರಗೋಡಿನ ಸರಕಾರಿ ಆಸ್ಪತ್ರೆಗೆ ಹೋದ್ರೆ ಮಲಯಾಳದಲ್ಲಿ ಕೇಳ್ತಾರೆ. ಯಾವ ಭಾಷೆಯಲ್ಲಿ ಕೇಳಿದ್ರೂ ಕೇಳುದು ಒಂದನ್ನೇ, ಆಯ್ತಾ ಇಲ್ವಾ ಅಂತ...

ಹಾಂ, ಅಲ್ಲಿಗೇ ಬಂದೆ. ಡಾಕ್ಟರಮ್ಮ ಪ್ರಶ್ನೆ ಕೇಳಿದ್ದು ಯಾರ ಹತ್ತಿರ? ಸುಪ್ರೀತಾ, ಪ್ರವೀತ ಇಬ್ಬರ ಹತ್ತಿರ. ಉತ್ತರ ಕೊಟ್ಟದ್ದು ಯಾರು? ನೀವು. ಎಂತ ಅಂದ್ರಿ?...

'ಸಂಸಾರ ಚೆನ್ನಾಗಿಯೇ ನಡೀತಾ ಉಂಟು.' ಅಲ್ಲ ಅಕ್ಕಾ, ಸಂಸಾರ ಅಂದ್ರೆ ಅದರಲ್ಲಿ ಒಲೆ ಬಂತು, ಪಾತ್ರೆ ಬಂತು, ನೆಂಟರು ಬಂದ್ರು, ಮೀನು ಮಾರುವ ಕುಂಞ ತಂದು ಹಾಕುವ ಮೀನೂ ಬಂತು. ಅದೆಲ್ಲ ಚೆನ್ನಾಗಿ ನಡೆದ್ರೆ ಮಗು ಆಗ್ತದಾ? ಜೋಯಿಸರು ದಾಂಪತ್ಯ ಅಂತಾರೆ, ಮದುವೆ ಕಾಗದದಲ್ಲಿ ಶರೀರ ಸಂಬಂಧ ಅಂತ ಅಚ್ಚು ಹಾಕಿಸ್ತೇವೆ, ಹಳಬರು ಒಟ್ಟಿಗೆ ಇರುದು ಅಂತಾರೆ. ಎಲ್ಲ ಚಂದವೇ. ಆದ್ರೆ ಡಾಕ್ಟ್ರಿಗೆ ಚಂದ ಬೇಡ. ಅವರಿಗೆ ಬೇಕಾದ್ದು ಉಂಟು ಅಥವಾ ಇಲ್ಲ...

ಹೌದು. ಅವಳು ಇಲ್ಲ ಅಂದಳು. 'ಡಾಕ್ಟ್ರೇ, ನಮ್ಮ ಮದುವೆಯಾಗಿ ಎರಡು ವರ್ಷ ಆಯ್ತು, ಸಂಭೋಗ ಇನ್ನೂ ಆಗಲೇ ಇಲ್ಲ.' ಅಷ್ಟೇ ತಾನೇ? ಅದರಲ್ಲಿ ಸುಳ್ಳು ಎಲ್ಲಿ ಉಂಟು, ತೋರಿಸಿ...

ನಿಮಗೆ ಗೊತ್ತಿರಲಿಲ್ವಾ? ಯಾಕೆ ಗೊತ್ತಿರಲಿಲ್ಲ? ಅವಳ ಕೋಣೆಯಲ್ಲಿ, ಅವಳ ಮಂಚದ ಪಕ್ಕ ಚಾಪೆ ಹಾಕಿ ಮಲಗುದು ನೀವು. ಅಳಿಯ ಮಲಗುದು ಚಾವಡಿಯಲ್ಲಿ, ಅಪ್ಪನ ಗೊರಕೆಯ ಪಕ್ಕ. ಅಷ್ಟು ದೂರದಿಂದ ಎಂತ ಆಗ್ತದೆ ಅಂತ ನೀವು ಮಾಡಿದ್ದು? ವೈಫೈಯಾ?...

ಯಾರು ನಗಾಡಿದ್ದು? ಕೂಸಪ್ಪಣ್ಣನಾ? ನಗಾಡ್ಬೇಡಿ ಅಂತ ಹೇಳಿ, ನಿಮ್ಮನ್ನೂ ಬಿಡುದಿಲ್ಲ ನಾನು...

ವ್ರತಕ್ಕಾಗಿ. ಸರಿ, ವ್ರತಕ್ಕಾಗಿಯೇ. ಯಾತಕ್ಕೆ ವ್ರತ?...

ಮಗು ಆಗಲಿ ಅಂತ. ಮಗು ಆಗ್ಲಿಕ್ಕೆ ವ್ರತ. ವ್ರತಕ್ಕೆ ಬ್ರಹ್ಮಚರ್ಯ. ಬ್ರಹ್ಮಚರ್ಯದಲ್ಲಿ ಮಗು ಆಗುದಿಲ್ಲ. ಆಗಲಿಲ್ಲ ಅಂತ ಮತ್ತೊಂದು ವ್ರತ. ಪ್ರಫುಲ್ಲಕ್ಕ, ನಾನು ಒಲೆಯನ್ನು ಸಣ್ಣ ಉರಿಯಲ್ಲಿಟ್ಟು ಕೂತು ಆಲೋಚನೆ ಮಾಡಿದೆ, ಇದು ಕಟ್ಟಿದ ಕರುವಿನ ಹಾಗೆ ಸುತ್ತಿ ಸುತ್ತಿ ಅದೇ ಕಂಬಕ್ಕೆ ಬರ್ತದೆ...

ಒಂದ್ನಿಮಿಷ, ಬೆಕ್ಕು. ಛೀ, ಹೋಗು! ಒಂದು ಬಂಗುಡೆಯ ತಲೆ ಹೋಯ್ತು. ಹಾಂ, ಹೇಳಿ...

ಜೋಯಿಸರೇ ಹೇಳಿದ್ದಾ? ಈಶ್ವರಪ್ರಸಾದ ಜೋಯಿಸರು ಹೇಳಿದ್ದು ಒಂದು ಮಂಡಲ, ಬರೇ ನಲ್ವತ್ತೆಂಟು ದಿನ. ನನ್ನೆದುರೇ ಹೇಳಿದ್ದು, ನಾನೂ ಕವಡೆ ನೋಡ್ತಾ ಅಲ್ಲೇ ಕೂತಿದ್ದೆ. ಅದಕ್ಕೆ ಬಾಲ ಕಟ್ಟಿದ್ದು ಯಾರು? ಮೊದಲಿಂದ ಲೆಕ್ಕ ಹಾಕಿ, ಮದುವೆಯಾದ ವಾರವೇ ನಿಮ್ಮ ದೊಡ್ಡ ಭಾವ ತೀರಿಕೊಂಡ್ರು, ಸೂತಕ. ಅದು ಕಳೀತು ಅನ್ನುವಾಗ ಆಟಿ ತಿಂಗಳು, ನಮ್ಮ ಕಡೆಯ ಆಷಾಢ, ಹೊಸ ಮದುಮಗಳು ಗಂಡನ ಮನೆಯಲ್ಲಿ ಇರಬಾರದು ಅಂತ ನನ್ನ ಮನೆಗೆ ಕಳಿಸಿದ್ರಿ. ಮತ್ತೆ ಪ್ರವೀತ ಅಯ್ಯಪ್ಪನ ಮಾಲೆ ಹಾಕಿದ. ಅದಕ್ಕೆ ನಾನು ಕೈ ಮುಗೀತೇನೆ, ಮಾತಾಡುದಿಲ್ಲ. ಮಲೆಗೆ ಹೋಗಿ ಬಂದವ ಮಾಲೆ ತೆಗೆದದ್ದೇ ನೀವು ನಾಗನಿಗೆ ಹರಕೆ ಹೇಳಿಕೊಂಡ್ರಿ, ಅದು ಮುಗಿದದ್ದೇ ಷಷ್ಠಿ, ಷಷ್ಠಿ ಮುಗಿದದ್ದೇ ಸೋಮವಾರ. ದೇವರುಗಳಿಗಾದ್ರೂ ಮಧ್ಯೆ ಒಂದು ವಾರ ರಜೆ ಕೊಡ್ಬಾರದಾ?...

ಪ್ರವೀತ ಹುಟ್ಟಿದ್ದೂ ಹರಕೆಯಿಂದಲೇ ಅಂತ ನೀವು ಯಾವಾಗಲೂ ಹೇಳ್ತೀರಿ. ಇರಬಹುದು. ಕೇಳ್ತೇನೆ ಅಂತ ಬೇಜಾರು ಮಾಡ್ಬೇಡಿ, ಆಗ ಕೂಸಪ್ಪಣ್ಣ ಚಾವಡಿಯಲ್ಲಿ ಮಲಗ್ತಿದ್ರಾ?...

ನೋಡಿ, ಅವರು ಮತ್ತೆ ನಗಾಡ್ತಾರೆ. ಅವರಿಗೆ ನೆನಪುಂಟು...

ಅಯ್ಯೋ, ನಾಚಿಕೆ ನಾಚಿಕೆ ಅನ್ಬೇಡಿ. ಮೂರು ತಿಂಗಳ ಹಿಂದೆ ನಾನು ನಿಮ್ಮಲ್ಲಿಗೆ ಬಂದಾಗ ನಿಮ್ಮ ಕಂದು ದನ ಬೆದೆಗೆ ಬಂದಿತ್ತು. ಬಂದ್ಯೋಡಿನ ಬಸ್‌ಸ್ಟ್ಯಾಂಡಿನಲ್ಲಿ ನಿಂತು, ರಸ್ತೆಯ ಆಚೆ ಇದ್ದ ದನದ ಡಾಕ್ಟ್ರು ಜಿತೇಂದ್ರನಿಗೆ ಕೇಳುವ ಹಾಗೆ ಕೂಗಿ ಹೇಳಿದ್ದು ನೀವೇ ಅಲ್ವಾ? ಬಸ್ಸಲ್ಲಿದ್ದವರೆಲ್ಲ ತಿರುಗಿ ನೋಡಿದ್ರು. ಆ ದನ ಈಗ ಗಬ್ಬ ಉಂಟು. ಅದಕ್ಕೆ ಯಾವ ವ್ರತ ಹಿಡಿಸಿದ್ರಿ?...

ಮನುಷ್ಯರ ವಿಷಯ ಬೇರೆ. ಹೌದು, ಬೇರೆಯೇ. ದನಕ್ಕೆ ಆಗದಿದ್ರೆ ಡಾಕ್ಟ್ರನ್ನು ಕೇಳ್ತೇವೆ, ಸೊಸೆಗೆ ಆಗದಿದ್ರೆ ಬಂಜೆ ಅಂತೇವೆ...

ಹೇಳಿದ್ದೀರಿ ಅಕ್ಕಾ. ನಿಮ್ಮ ತಂಗಿಮಗಳು ರಶ್ಮಿತಾಳ ಸೀಮಂತದಲ್ಲಿ, ಊಟದ ಪಂಕ್ತಿಗೆಲ್ಲ ಕೇಳುವ ಹಾಗೆ ಹೇಳಿದ್ದೀರಿ. 'ಅವಳು ಹೂ ಮುಡಿಸುದು ಬೇಡ, ಬಂಜೆ ಕೈ' ಅಂತ. ಸುಪ್ರೀತಾ ಹೂ ಹಿಡಿದುಕೊಂಡು ನಿಂತೇ ಇದ್ದಳಂತೆ. ಇದನ್ನು ನನಗೆ ಅವಳು ಹೇಳಿದ್ದು ಇವತ್ತು, ಕೈ ತೊಳೀತಾ. ಬಂಜೆ ಅನ್ಲಿಕ್ಕೆ ನಿಮಗೆ ಪಂಕ್ತಿ ಆಗ್ತದೆ, ಸಂಭೋಗ ಅನ್ಲಿಕ್ಕೆ ಬಾಗಿಲು ಮುಚ್ಚಿದ ಡಾಕ್ಟ್ರ ಕೋಣೆಯೂ ಆಗುದಿಲ್ವಾ? ಎರಡರಲ್ಲಿ ಕೊಳಕು ಶಬ್ದ ಯಾವುದು, ನೀವೇ ಹೇಳಿ...

ಹಾಂ, ವಿಷಯ ತಿರುಗಿಸಿದ್ರಾ? ಆಯ್ತು, ಹೇಳಿ...

ಸೋಮವಾರವಾ? ಬೇರೆ ಡಾಕ್ಟ್ರಾ? ಯಾಕೆ, ಇವತ್ತಿನವರು ಎಂತ ಹೇಳಿದ್ರು? 'ಮೊದಲು ಸಂಭೋಗ ಆಗಲಿ, ಒಂದು ವರ್ಷ ಕಳೆದೂ ಆಗದಿದ್ರೆ ಬನ್ನಿ' ಅಂತ ಚೀಟಿಯನ್ನೂ ಬರೀದೆ ಕಳಿಸಿದ್ರಂತೆ. ಅದು ನಿಮಗೆ ಸಾಕಾಗಲಿಲ್ವಾ? ಹೊಸ ಡಾಕ್ಟ್ರು ಎಂತ ಮಾಡ್ತಾರೆ?...

ಹೊಟ್ಟೆಗೆ ತೂತು ಮಾಡಿ ಕ್ಯಾಮೆರಾ ಹಾಕುದು. ಮದ್ದು ಕೊಟ್ಟು ಪ್ರಜ್ಞೆ ತಪ್ಪಿಸಿ. ಯಾರ ಹೊಟ್ಟೆಗೆ?...

ಒಳಗೆ ಎಂತ ಸಿಗ್ತದೆ ಅಂತ ಅಕ್ಕಾ? ಬೀಜ ಹಾಕದ ಗದ್ದೆಯನ್ನು ಅಗೆದು ನೋಡಿ ಮೊಳಕೆ ಯಾಕೆ ಬರಲಿಲ್ಲ ಅಂತ ಕೇಳಿದ ಹಾಗೆ ಆಯ್ತು. ಪ್ರವೀತನಿಗೆ ಯಾವ ಪರೀಕ್ಷೆ?...

ಅವನಿಗೆ ಬೇಡ. ಅವ ಗಂಡಸು. ಅವನದ್ದಕ್ಕೆ ವೀರ್ಯ ಪರೀಕ್ಷೆ ಅಂತಾರೆ, ಅದಕ್ಕೆ ತೂತೂ ಬೇಡ, ಕತ್ತಿಯೂ ಬೇಡ. ಆ ಶಬ್ದವೂ ಹೇಳಬಾರದಾ? ಸರಿ ಬಿಡಿ, ಅದೂ ಬೇಡ, ಇದೂ ಬೇಡ. ಇಬ್ಬರಲ್ಲಿ ಯಾರಿಗಾದ್ರೂ ದೋಷ ಉಂಟು ಅಂತ ಹೇಳ್ಲಿಕ್ಕೆ ಇನ್ನೂ ಎಂತದೂ ನಡೆದೇ ಇಲ್ಲ...

ಅವಳು ಬಾಯಿ ಮುಚ್ಚಿಕೊಂಡು ಕೂತ್ರೆ ಸೋಮವಾರ ಬರಲಿ, ಇಲ್ಲದಿದ್ರೆ ಇಲ್ಲೇ ಇರಲಿ. ಅಷ್ಟೇ ಅಲ್ವಾ ನಿಮ್ಮ ಮಾತು? ಸರಿ. ಹಾಗಾದ್ರೆ ನನ್ನದನ್ನೂ ಕೇಳಿ. ನನ್ನ ಮಗಳ ಹೊಟ್ಟೆಗೆ ಒಂದು ಸೂಜಿಮೊನೆಯೂ ತಾಗುದಿಲ್ಲ. ಅವಳು ಇಲ್ಲೇ ಇರ್ತಾಳೆ. ಮೀನು ತಿನ್ಕೊಂಡು ಇರ್ತಾಳೆ. ಅವಳು ಅಲ್ಲಿಗೆ ಬರ್ಬೇಕಾದ್ರೆ ಪ್ರವೀತ ಬಾಯಿ ಬಿಡ್ಬೇಕು. ಡಾಕ್ಟ್ರು ಕೇಳುವಾಗ ಅವ ಎಂತ ಮಾಡ್ತಿದ್ದ?...

ಗೋಡೆಯ ಕ್ಯಾಲೆಂಡರ್ ನೋಡ್ತಿದ್ದನಾ? ಯಾವ ವ್ರತ ಯಾವತ್ತು ಅಂತ ನೋಡಿದ್ದೋ ಏನೋ ಪಾಪ...

ಅಳ್ತಾ ಇದ್ದೀರಾ? ಪ್ರಫುಲ್ಲಕ್ಕ... ಅಕ್ಕಾ, ಅಳ್ಬೇಡಿ. ನಿಮಗೆ ಮೊಮ್ಮಗು ಬೇಕು ಅಂತ ನನಗೆ ಗೊತ್ತಿಲ್ವಾ? ಪ್ರವೀತನ ತೊಟ್ಟಿಲನ್ನು ಅಟ್ಟದಿಂದ ಇಳಿಸಿ ತೊಳೆದು ಒಣಗಿಸಿದ್ದೀರಿ ಅಂತ ಸುಪ್ರೀತಾ ಹೇಳಿದಳು. ನಿಮ್ಮ ಆಸೆ ಸುಳ್ಳಲ್ಲ. ನಮಗೆಲ್ಲ ಇದನ್ನು ಬಾಯಿಬಿಟ್ಟು ಹೇಳಿಕೊಟ್ಟವರು ಯಾರೂ ಇಲ್ಲ, ಅದೂ ಹೌದು. ಆದ್ರೆ ತೊಟ್ಟಿಲು ತೊಳೆದಷ್ಟೂ ನೀವು ಮಂಚ ಕಾಯ್ತೀರಿ, ಅದೇ ಕಷ್ಟ...

ಫೋನನ್ನು ಪ್ರವೀತನ ಹತ್ತಿರ ಹಿಡೀರಿ. ಕೊಡ್ಬೇಡಿ, ಹಿಡೀರಿ ಸಾಕು, ಹೇಗೂ ದೊಡ್ಡ ಸ್ವರ ಬರ್ತದಲ್ಲ. ಪ್ರವೀತಾ, ಮಗಾ, ಕೇಳ್ತದಾ? ನೀನು ನನಗೆ ಮಗನ ಹಾಗೆ. ಟೈಲ್ಸ್ ಅಂಗಡಿಯಲ್ಲಿ ಗಿರಾಕಿಗಳ ಹತ್ತಿರ ಇಡೀ ದಿನ ಮಾತಾಡ್ತಿ, ನಿನ್ನ ಹೆಂಡತಿಯನ್ನು ಬಂಜೆ ಅಂದಾಗ ಒಂದು ಮಾತು ಆಡಲಿಲ್ಲ. ಈಗ ಅಮ್ಮನಿಗೆ ಒಂದೇ ಮಾತು ಹೇಳು. ಅವಳು ಡಾಕ್ಟ್ರಿಗೆ ಹೇಳಿದ್ದು ನಿಜವಾ ಸುಳ್ಳಾ?...

ಕೇಳಲಿಲ್ಲ. ಗಂಟಲು ಸರಿ ಮಾಡಿಕೊಂಡು ಹೇಳು...

ಹಾಂ. ನಿಜ. ಇನ್ನು ಪೂರ್ತಿ ಹೇಳು ಮಗಾ, ಅಮ್ಮನ ಮುಖ ನೋಡಿ. ಯಾವುದು ಆಗಲಿಲ್ಲ?...

...

ಹೇಳಿದ! ಕೇಳಿದ್ರಾ ಅಕ್ಕಾ? ಚಾವಡಿಯಲ್ಲಿ ನಿಂತು ಹೇಳಿದ. ಹಂಚು ಹಾರಲಿಲ್ಲ ಅಲ್ವಾ? ದೀಪ ಆರಲಿಲ್ಲ ಅಲ್ವಾ?...

ಅದೆಂತ ಶಬ್ದ? ಬೈಕಾ? ಯಾರು ಹೊರಟದ್ದು ಈ ಹೊತ್ತಲ್ಲಿ?...

ಫೋನು ಬಿಟ್ಟು ಹೋದನಾ? ಬೋವಿಕಾನಕ್ಕಾ, ನಮ್ಮಲ್ಲಿಗಾ? ಬರಲಿ, ಬರಲಿ. ಒಂದು ಗಂಟೆಯ ದಾರಿ. ಸುಪ್ರೀತಾ, ಅಕ್ಕಿ ಇನ್ನೊಂದು ಪಾವು ಹಾಕು ಮಾರಾಯ್ತಿ! ಯಾರಿಗೆ ಅಂತ ಮತ್ತೆ ಹೇಳ್ತೇನೆ...

ಚಾರ್ಜು ಮುಗೀತದಾ? ಕೂಗ್ತಾ ಉಂಟಾ? ಇಡ್ಬೇಡಿ, ಇಡ್ಬೇಡಿ, ಒಂದೇ ಒಂದು ಕೇಳ್ಲಿಕ್ಕುಂಟು. ಅವನ ಕೈಯ ನೂಲು? ಕಟ್ಟಿಕೊಂಡೇ ಹೋದನಾ, ಬಿಚ್ಚಿಟ್ಟು ಹೋದನಾ?...

ಸುಮ್ಮನೆ ಅಲ್ಲ ಅಕ್ಕಾ, ಹಾಸಿಗೆ ಒಂದು ಹಾಸ್ಬೇಕಾ ಎರಡಾ ಅಂತ ನನಗೆ ಗೊತ್ತಾಗ್ಬೇಕಲ್ಲ. ಬೈಕು ನಿಂತಿದ್ದಲ್ಲಿ, ಅಂಗಳಕ್ಕೆ ಇಳಿದು ನೋಡಿ...

ನೋಡಿದ್ರಾ?... ಹಾಂ?... ತುಳಸಿಗೆ ಕಟ್ಟಿದ್ದಾನಾ? ನನ್ನ ಹಾಗೇ! ಸರಿ, ಹಾಗಾದ್ರೆ ಒಂದೇ ಸಾ—